ಒಂದು ದಿನದ ಬೀದರ್ ಮತ್ತು ‘ಹೊರಗಿನವರ’ ಪ್ರಶ್ನೆ

ಕಥೆ ಬರೆಯುವವರಿಗೆ ಒಂದು ಚಾಳಿ ಇರುತ್ತದೆ. ಯಾರು ಏನೇ ಹೇಳುತ್ತಿರಲಿ, ಹೇಳುತ್ತಿರುವ ಸಂಗತಿಗಿಂತ ಅದನ್ನು ಎಲ್ಲಿಂದ ಶುರು ಮಾಡಿದರು, ಎಲ್ಲಿ ಕತ್ತರಿಸಿದರು, ಯಾರ ಮುಖ ನೋಡಿ ದನಿ ಬದಲಿಸಿದರು ಎಂಬ ಕಡೆಗೇ ಕಿವಿ ಹೋಗುತ್ತದೆ. ಕಳೆದ ಡಿಸೆಂಬರಿನ ಒಂದು ಭಾನುವಾರ ಕಲಬುರಗಿಯಿಂದ ಬೀದರಿಗೆ ಒಂದು ದಿನದ ಪ್ರವಾಸ ಹೋಗಿ ಬಂದ ಮೇಲೆ ನಮಗೆ ಅನ್ನಿಸಿದ್ದು ಇದು: ಇಂಥ ಪ್ರವಾಸವೂ ಒಂದು ಕೃತಿ. ಅದಕ್ಕೆ ಆರಂಭವಿದೆ, ಅಂತ್ಯವಿದೆ, ನಾಯಕರಿದ್ದಾರೆ, ಖಳರಿದ್ದಾರೆ. ಕಥಾಸಂಕಲನಗಳನ್ನು ವಿಮರ್ಶಿಸುವ ನಾವು, ನೂರಾರು ಜನ ದುಡ್ಡು ಕೊಟ್ಟು ಕೇಳುವ ಈ ಕಥೆಯನ್ನು ಮಾತ್ರ ಯಾಕೆ ವಿಮರ್ಶಿಸುವುದಿಲ್ಲ?

ಟೆಂಪೊ ಟ್ರಾವೆಲರಿನಲ್ಲಿ ನಾವು ಒಂಬತ್ತು ಜನ ಪ್ರವಾಸಿಗರು. ನಾವು ಮತ್ತು ನಮ್ಮ ಮನೆಯವರು, ನಿವೃತ್ತ ಗಣಿತ ಮಾಸ್ತರರೊಬ್ಬರು ಮತ್ತು ಅವರ ಪತ್ನಿ, ಒಂದೇ ಬ್ಯಾಂಕಿನಲ್ಲಿ ಕೆಲಸ ಮಾಡುವ ಮೂವರು ಗೆಳೆಯರು, ಬೆಂಗಳೂರಿನಿಂದ ಬಂದಿದ್ದ ಹೊಸ ಜೋಡಿ. ಜೊತೆಗೆ ಡ್ರೈವರ್ ಮತ್ತು ಗೈಡು. ಗೈಡು ಬೀದರಿನ ಹುಡುಗ. ಇಪ್ಪತ್ತಾರೋ ಇಪ್ಪತ್ತೇಳೋ ವಯಸ್ಸು. ಕನ್ನಡ, ಹಿಂದಿ, ಇಂಗ್ಲಿಷ್ ಮೂರನ್ನೂ ಸಲೀಸಾಗಿ ಆಡುತ್ತಿದ್ದ. ತನ್ನ ಹೆಸರು ಹೇಳುವಾಗ ಎರಡಕ್ಷರದ ಒಂದು ಮುದ್ದು ಹೆಸರು ಹೇಳಿದ. ಅದು ಯಾವ ಜಾತಿಗೂ ಹೊಂದುವ, ಯಾವ ಧರ್ಮಕ್ಕೂ ಸಲ್ಲುವ ಹೆಸರು. ಮಧ್ಯಾಹ್ನದ ಹೊತ್ತಿಗೆ, ನಾವು ಮನೆಯವರೊಂದಿಗೆ ದಖನಿಯಲ್ಲಿ ಮಾತಾಡುವುದನ್ನು ಕೇಳಿದ ಮೇಲೆ, ಮೆಲ್ಲಗೆ ಪಕ್ಕಕ್ಕೆ ಬಂದು ಸಲಾಂ ಹೇಳಿದ.

ಬೆಳಿಗ್ಗೆ ಆರಕ್ಕೆ ಹೊರಟ ಗಾಡಿ ಕಮಲಾಪುರ ದಾಟುವಾಗ ಬಿಸಿಲು ಮೂಡಿತು. ರಸ್ತೆಯ ಬದಿಗೆ ಕೆಂಪು ಬಾಳೆಯ ಗೊನೆಗಳನ್ನು ಆಗಲೇ ತೂಗುಹಾಕಿದ್ದರು. ಎರಡೂ ಕಡೆ ತೊಗರಿ ಹೊಲ, ಕಾಯಿ ಬಲಿತು ಬಣ್ಣ ತಿರುಗುತ್ತಿದ್ದವು. ಹುಮನಾಬಾದಿನಲ್ಲಿ ಚಹಾ ಕುಡಿದು ಮುಂದೆ ಹೋದರೆ ನೆಲದ ಬಣ್ಣವೇ ಬದಲಾಗುತ್ತದೆ. ಕರಿ ಮಣ್ಣು ಹಿಂದೆ ಸರಿದು ಕೆಂಪು ಜಂಬಿಟ್ಟಿಗೆ ಶುರುವಾಗುತ್ತದೆ. ಸಮುದ್ರ ಮಟ್ಟದಿಂದ ಸುಮಾರು 2,200 ಅಡಿ ಎತ್ತರದ ಈ ಕೆಂಪು ಹಲಗೆಯ ಅಂಚಿನಲ್ಲಿ ಬೀದರ್ ಕೂತಿದೆ. ಈ ಬದಲಾವಣೆಯನ್ನು ಗೈಡು ತೋರಿಸಲಿಲ್ಲ. ಆಗ ಅವನು ಎಲ್ಲರ ಊಟದ ಲೆಕ್ಕ ಬರೆದುಕೊಳ್ಳುತ್ತಿದ್ದ. ಆದರೆ ಬೀದರಿನ ಕಥೆಯ ಅರ್ಧ ಭಾಗ ಇರುವುದೇ ಆ ಬಣ್ಣದಲ್ಲಿ ಎಂದು ನಮಗೆ ಸಂಜೆ ತಿಳಿಯಿತು.

ಕೋಟೆಯಲ್ಲಿ ಎರಡೂವರೆ ಗಂಟೆ ಕಳೆದೆವು. ಗೈಡಿನ ಮಾತು ಚೆನ್ನಾಗಿತ್ತು ಎಂದು ಮೊದಲೇ ಹೇಳಿಬಿಡಬೇಕು. 1347ರಲ್ಲಿ ಕಲಬುರಗಿಯಲ್ಲಿ ಶುರುವಾದ ಬಹಮನಿ ರಾಜ್ಯ, 1422ರಿಂದ 1436ರವರೆಗೆ ಆಳಿದ ಅಹಮದ್ ಶಾಹ ರಾಜಧಾನಿಯನ್ನು ಬೀದರಿಗೆ ತಂದದ್ದು, 1423-24ರಲ್ಲಿ ಕಟ್ಟಿದ ಸೋಲಾ ಖಂಬ ಮಸೀದಿ, ತಖ್ತ್ ಮಹಲಿನ ಕಮಾನಿನ ಮೇಲೆ ಬೆನ್ನಿನ ಹಿಂದೆ ಸೂರ್ಯನನ್ನು ಹೊತ್ತ ಹುಲಿ, ಇವನ್ನೆಲ್ಲ ತಡವರಿಸದೆ ಹೇಳಿದ. ರಂಗೀನ್ ಮಹಲಿನ ಬೀಗದ ಕೈ ಇದ್ದ ಕಾವಲುಗಾರರನ್ನು ಹುಡುಕಿ ತಂದು ಬಾಗಿಲು ತೆಗೆಸಿದ. ಕಪ್ಪು ಕಲ್ಲಿನಲ್ಲಿ ಕೂರಿಸಿದ ಮುತ್ತಿನ ಚಿಪ್ಪಿನ ಕೆಲಸ ಕಂಡು ಬೆಂಗಳೂರಿನ ಹುಡುಗಿ ಬಹಳ ಹೊತ್ತು ಸುಮ್ಮನೆ ನಿಂತಳು. ಅಷ್ಟು ಸಣ್ಣ ಗುಂಪಿದ್ದದ್ದರಿಂದಲೇ ಅದು ಸಾಧ್ಯವಾಯಿತು. ಬಸ್ಸುಗಟ್ಟಲೆ ಜನ ಬಂದಿದ್ದರೆ ಆ ಬೀಗ ತೆರೆಯುತ್ತಲೂ ಇರಲಿಲ್ಲ, ಆ ಹುಡುಗಿಗೆ ನಿಲ್ಲಲು ಜಾಗವೂ ಇರುತ್ತಿರಲಿಲ್ಲ.

ಆದರೆ ಹೊರಗೆ ಬಂದು ಕೋಟೆಯ ಕಂದಕದ ಬಳಿ ನಿಂತಾಗ ಕಥೆಯ ದಾರಿ ಬದಲಾಯಿತು. ಮೂರು ಸಾಲು ಕಂದಕ. ಮಣ್ಣು ಅಗೆದದ್ದಲ್ಲ, ಬಂಡೆಯನ್ನೇ ಕಡಿದು, ನಡುವೆ ಕಲ್ಲಿನ ಗೋಡೆಗಳನ್ನು ಹಾಗೆಯೇ ಉಳಿಸಿಕೊಂಡು ಮಾಡಿದ್ದು. ಇದನ್ನು ಕಡಿದವರು ಯಾರು, ಎಷ್ಟು ಜನ, ಏನು ಉಂಡರು, ಎಲ್ಲಿ ಮಲಗಿದರು ಎಂದು ಯಾರಾದರೂ ಕೇಳಬಹುದೆಂದು ಕಾದೆವು. ಮಾಸ್ತರರು ಕೇಳಿದ್ದು ಬೇರೆ.

“ಇವ್ರೆಲ್ಲ ಹೊರಗಿನವ್ರೇ ಅಲ್ಲೇನಪಾ?”

ಅವರ ದನಿಯಲ್ಲಿ ದ್ವೇಷವಿರಲಿಲ್ಲ. ಶಾಲೆಯಲ್ಲಿ ಹುಡುಗರಿಂದ ಉತ್ತರ ಹೊರಡಿಸುವವರ ದನಿ ಅದು. ಗೈಡು ಒಂದು ಕ್ಷಣ ನಮ್ಮ ಕಡೆ ನೋಡಿದ. ಆಮೇಲೆ, “ಹೌದ್ರಿ ಸರ್ರ, ಮೂಲ ಹೊರಗಿಂದೇ. ಬರ್ರಿ, ಟೈಮ್ ಆಗ್ಯಾದ, ಮುಂದ ಮದರಸಾ ನೋಡೋಣು” ಎಂದು ನಡೆದುಬಿಟ್ಟ. ಪ್ರಶ್ನೆ ಕಂದಕದ ದಂಡೆಯಲ್ಲೇ ಉಳಿಯಿತು.

ಆ ಪ್ರಶ್ನೆಗೆ ಬೀದರಿನಷ್ಟು ಒಳ್ಳೆಯ ಉತ್ತರ ಕೊಡಬಲ್ಲ ಊರು ದಖನ್ನಿನಲ್ಲಿ ಇನ್ನೊಂದಿಲ್ಲ. ಆ ಉತ್ತರ ಅರ್ಧ ಮೈಲಿ ದೂರದಲ್ಲಿ, ಮಹಮೂದ್ ಗವಾನನ ಮದರಸಾದಲ್ಲಿ ಇತ್ತು. ಗೈಡು ನಮ್ಮನ್ನು ಅಲ್ಲಿಗೇ ಕರೆದೊಯ್ದ. ಆದರೆ ಉತ್ತರವನ್ನು ಮಾತ್ರ ಹೇಳಲಿಲ್ಲ.

ಅವನು ಹೇಳಿದ ಗವಾನನ ಕಥೆ ಇಷ್ಟು. ಇರಾನಿನ ಗೀಲಾನಿನಿಂದ ವ್ಯಾಪಾರಿಯಾಗಿ ಬಂದ, ಮಂತ್ರಿಯಾದ, 205 ಅಡಿ ಉದ್ದ, 180 ಅಡಿ ಅಗಲದ ಈ ಮೂರಂತಸ್ತಿನ ವಿದ್ಯಾಲಯ ಕಟ್ಟಿಸಿದ, ಅಸೂಯೆಪಟ್ಟವರು ಅವನ ಮುದ್ರೆ ಬಿದ್ದ ಖಾಲಿ ಕಾಗದದ ಮೇಲೆ ಸುಳ್ಳು ಪತ್ರ ಬರೆದು, ಒಡಿಶಾದ ರಾಜನಿಗೆ ರಾಜ್ಯ ಒಪ್ಪಿಸಲು ಹೊರಟಿದ್ದಾನೆಂದು ಸುಲ್ತಾನನಿಗೆ ತೋರಿಸಿದರು, ಕುಡಿದ ಅಮಲಿನಲ್ಲಿದ್ದ ಸುಲ್ತಾನ ಮೂರನೆಯ ಮುಹಮ್ಮದ್ ಶಾಹ 1481ರಲ್ಲಿ ಅವನ ತಲೆ ತೆಗೆಸಿದ, ಆಮೇಲೆ ಪಶ್ಚಾತ್ತಾಪಪಟ್ಟು ಒಂದು ವರ್ಷದೊಳಗೆ ತಾನೂ ಸತ್ತ. ಬ್ಯಾಂಕಿನ ಗೆಳೆಯರು “ಛೇ, ಛೇ” ಎಂದರು. ಒಳ್ಳೆಯ ಮಂತ್ರಿ, ದುಡುಕಿನ ದೊರೆ, ಕಳ್ಳ ಕಾಗದ. ಯಾವ ದೇಶದಲ್ಲಿ ಹೇಳಿದರೂ ನಡೆಯುವ ಕಥೆ.

ಹೇಳಿದ್ದು ಸುಳ್ಳಲ್ಲ. ಕತ್ತರಿಸಿದ ಜಾಗ ಮಾತ್ರ ಮುಖ್ಯದ್ದು. ‘ಅಸೂಯೆಪಟ್ಟವರು’ ಎಂದರೆ ಯಾರು? ಬಹಮನಿ ದರಬಾರಿನಲ್ಲಿ ಎರಡು ಬಣಗಳಿದ್ದವು. ಕೆಲವು ತಲೆಮಾರುಗಳಿಂದ ಇಲ್ಲೇ ನೆಲೆಸಿದ್ದವರು, ಇಲ್ಲಿಯೇ ಹುಟ್ಟಿ ಇಸ್ಲಾಮಿಗೆ ಬಂದವರು, ಅವರ ಜೊತೆ ಸೇರಿಕೊಂಡ ಹಬಶಿಗಳು, ಇವರೆಲ್ಲ ದಖನಿಗಳು. ಇರಾನ್, ತುರ್ಕಿ, ಅರಬ್ ಸೀಮೆಗಳಿಂದ ಹೊಸದಾಗಿ ಬಂದವರು ಅಫಾಕಿಗಳು. ಎರಡೂ ಕಡೆಯವರು ಮುಸ್ಲಿಮರೇ. ಒಂದೇ ಮಸೀದಿಯಲ್ಲಿ ನಮಾಜು ಮಾಡುತ್ತಿದ್ದವರು. ಆದರೂ ಜಹಗೀರಿಗಾಗಿ, ಪದವಿಗಾಗಿ ಒಬ್ಬರ ರಕ್ತ ಒಬ್ಬರು ಹರಿಸಿದರು. ಗವಾನ್ ಸ್ವತಃ ಅಫಾಕಿ. ದೊಡ್ಡ ಪ್ರಾಂತಗಳನ್ನು ಒಡೆದು ಚಿಕ್ಕದು ಮಾಡಿ, ಅಧಿಕಾರಿಗಳ ಕೈ ಕಟ್ಟಿದ್ದ. ಹುದ್ದೆಗಳನ್ನು ಎರಡೂ ಬಣಕ್ಕೆ ಹಂಚಿ ಸಮತೂಕ ಮಾಡಲು ನೋಡಿದ್ದ. ಅವನ ವಿರುದ್ಧದ ಸಂಚಿನ ಮುಂದಾಳು ಮಲಿಕ್ ಹಸನ್ ಬಹರಿ ದಖನಿ. ಇತಿಹಾಸಕಾರ ಫೆರಿಷ್ತಾ ಬರೆಯುವಂತೆ, ವಿಜಯನಗರದ ಬ್ರಾಹ್ಮಣ ಮನೆತನದಲ್ಲಿ ಹುಟ್ಟಿ ಸೆರೆಯಾಳಾಗಿ ಬಂದು ಮುಸ್ಲಿಮನಾದವನು. ಅವನ ಮಗನೇ ಮುಂದೆ ಅಹಮದನಗರದ ನಿಜಾಮಶಾಹಿಯನ್ನು ಸ್ಥಾಪಿಸಿದ.

ಅಂದರೆ ಮಾಸ್ತರರು ಕೇಳಿದ ಪ್ರಶ್ನೆ ಹೊಸದಲ್ಲ. ಐದೂವರೆ ಶತಮಾನದ ಹಿಂದೆ ಬೀದರಿನ ದರಬಾರಿನಲ್ಲಿಯೇ ಅದನ್ನು ಕೇಳಿದ್ದರು. ಕೇಳಿದವರು ಮುಸ್ಲಿಮರು, ಕೇಳಿಸಿಕೊಂಡವರೂ ಮುಸ್ಲಿಮರು. ‘ನೀನು ಹೊರಗಿನವನು’ ಎಂಬ ಮಾತಿಗೆ ಆ ಕಾಲದ ಅತ್ಯಂತ ಯೋಗ್ಯ ಆಡಳಿತಗಾರನ ತಲೆ ಉರುಳಿತು. ಮುಂದಿನ ನಾಲ್ಕೈದು ದಶಕಗಳಲ್ಲಿ ರಾಜ್ಯವೇ ಬಿಜಾಪುರ, ಅಹಮದನಗರ, ಬೇರಾರ್, ಗೋಲ್ಕೊಂಡ, ಬೀದರ್ ಎಂದು ಐದು ಚೂರಾಯಿತು. ಪ್ರಶ್ನೆ ಕೇಳಿದವರೂ ಉಳಿಯಲಿಲ್ಲ.

ಈ ಭಾಗವನ್ನು ಕತ್ತರಿಸಿದ್ದರಿಂದ ಯಾರಿಗೆ ಅನುಕೂಲವಾಯಿತು? ಮೊದಲನೆಯದಾಗಿ, ಎಲ್ಲ ಸುಲ್ತಾನರೂ ಒಂದೇ ಮುದ್ದೆ, ಒಂದೇ ‘ಹೊರಗಿನವರು’ ಎಂದು ನಂಬಿಕೊಂಡು ಬಂದವರಿಗೆ. ಅವರ ನಂಬಿಕೆ ಅಲುಗಾಡಲಿಲ್ಲ. ಎರಡನೆಯದಾಗಿ, ನಮಗೆ. ಹೌದು, ನಮಗೂ. ನಮ್ಮ ಸಭೆಗಳಲ್ಲಿ, ನಮ್ಮ ಉರ್ದು ಪತ್ರಿಕೆಗಳಲ್ಲಿ ಗವಾನನ ಹೆಸರು ಬಂದಾಗಲೆಲ್ಲ ‘ನಮ್ಮ ಪೂರ್ವಜರು ಎಂಥ ವಿದ್ಯಾಲಯ ಕಟ್ಟಿದ್ದರು’ ಎಂದು ಎದೆ ಉಬ್ಬಿಸುತ್ತೇವೆ. ಅವನನ್ನು ಕೊಂದವರೂ ನಮ್ಮ ಪೂರ್ವಜರೇ ಎಂಬುದನ್ನು ನುಂಗಿಕೊಳ್ಳುತ್ತೇವೆ. ದಖನಿ ಮಾತಾಡುವ ನಾವು, ಈ ಮಣ್ಣಿನವರು ಎಂದು ಹೇಳಿಕೊಳ್ಳುವ ನಾವು, ಆ ಲೆಕ್ಕದಲ್ಲಿ ಕೊಂದ ಬಣಕ್ಕೇ ಹತ್ತಿರದವರು! ವೈಭವದ ಕಥೆ ನಮಗೂ ರುಚಿ. ಆ ಹುಡುಗ ನಮ್ಮನ್ನೂ ಮಾಸ್ತರರನ್ನೂ ಒಟ್ಟಿಗೇ ಖುಷಿಪಡಿಸಿದ. ಎಲ್ಲರನ್ನೂ ಖುಷಿಪಡಿಸುವ ಕಥೆಯ ಬಗ್ಗೆ ನಮಗೆ ಯಾವಾಗಲೂ ಅನುಮಾನ.

ಮಾಸ್ತರರು ಮದರಸಾದ ಮುಂಗೋಡೆಯ ಮೇಲೆ ಉಳಿದಿರುವ ನೀಲಿ ಹೆಂಚುಗಳ ಬರಹ ತೋರಿಸಿ, “ನಿಮಗ ಉರ್ದು ಬರ್ತದಲ್ರಿ, ಏನು ಬರದಾರ ಓದ್ರಿ ನೋಡೋಣು” ಎಂದರು. ಏಳನೆಯ ತರಗತಿಯವರೆಗೆ ಉರ್ದುವಿನಲ್ಲಿ ಓದಿದ ನಾವು ಕತ್ತೆತ್ತಿ ನಿಂತೆವು. ಅಕ್ಷರಗಳು ಒಂದರ ಮೇಲೊಂದು ಏರಿ, ಬಳ್ಳಿಯಂತೆ ಹೆಣೆದುಕೊಂಡಿದ್ದವು. ಅದು ಅರಬಿ ಎಂದು ಗೊತ್ತಾಯಿತು, ಎರಡು ಪದ ಗುರುತಿಗೆ ಸಿಕ್ಕವು. ಮುಂದೆ ಓದಲಾಗಲಿಲ್ಲ. ನಾಚಿಕೆಯಾಯಿತು. ಗೈಡು ಕನ್ನಡ ಮಾಧ್ಯಮದ ಹುಡುಗ, ಅವನಿಗೂ ಬರುವುದಿಲ್ಲ. ‘ನಮ್ಮದು’ ಎಂದು ನಾವು ಹಕ್ಕು ಸಾಧಿಸುವ ಗೋಡೆಯನ್ನು ಓದಬಲ್ಲವರು ನಮ್ಮೊಳಗೇ ಎಷ್ಟು ಜನ ಉಳಿದಿದ್ದೇವೆ?

ಆ ನಾಚಿಕೆಯಿಂದ ಪಾರಾಗಲು ನಮಗೆ ಗೊತ್ತಿದ್ದ ಇನ್ನೊಂದು ಸಂಗತಿ ಹೇಳಿದೆವು. ಅರಬಿಯ ಪ್ರತಿ ಅಕ್ಷರಕ್ಕೂ ಒಂದು ಬೆಲೆ ಇದೆ. ಅಲಿಫ್ ಒಂದು, ಬೇ ಎರಡು, ಹೀಗೆ ಸಾವಿರದವರೆಗೆ. ಅಬ್ಜದ್ ಎನ್ನುತ್ತಾರೆ. ಕಟ್ಟಡ ಕಟ್ಟಿದ ವರ್ಷವನ್ನು ಒಂದು ಮಾತಿನೊಳಗೆ ಅಡಗಿಸಿಡುವುದು ಹಳೆಯ ಕವಿಗಳ ರೂಢಿ. ಈ ಮದರಸಾಕ್ಕೆ ಆ ಕಾಲದ ಕವಿಯೊಬ್ಬ ಆರಿಸಿದ್ದು ಕುರ್‌ಆನಿನ ಒಂದು ಪ್ರಾರ್ಥನೆಯ ಮೂರು ಪದಗಳನ್ನು. ಮಾಸ್ತರರು ಜೇಬಿನಿಂದ ಪೆನ್ನು ತೆಗೆದರು. ನಾವು ಒಂದೊಂದೇ ಅಕ್ಷರದ ಬೆಲೆ ಹೇಳುತ್ತ ಹೋದೆವು, ಅವರು ಕೋಟೆಯ ಟಿಕೆಟಿನ ಹಿಂದೆ ಬರೆದುಕೊಂಡರು. ಮೊದಲ ಪದ 253. ಎರಡನೆಯದು 532. ಮೂರನೆಯದು 91. ಕೂಡಿದರೆ 876. ಹಿಜರಿ 876 ಎಂದರೆ ಕ್ರಿ.ಶ. 1471-72.

“ಲೆಕ್ಕ ಬರೋಬ್ಬರಿ ಐತಿ ನೋಡ್ರಿ!” ಎಂದರು ಮಾಸ್ತರರು. ಆ ದಿನ ಅವರ ಮುಖದಲ್ಲಿ ಕಂಡ ಅತ್ಯಂತ ನಿಜವಾದ ಸಂತೋಷ ಅದು. ಪತ್ನಿಯನ್ನು ಕರೆದು ಟಿಕೆಟ್ ತೋರಿಸಿದರು.

ಆ ಮೂರು ಪದಗಳ ಅರ್ಥ ಅವರು ಕೇಳಲಿಲ್ಲ, ಆದರೂ ಹೇಳಿದೆವು. ಮಕ್ಕಾದಲ್ಲಿ ಕಾಬಾದ ಗೋಡೆ ಎಬ್ಬಿಸುತ್ತಿದ್ದಾಗ ಪ್ರವಾದಿ ಇಬ್ರಾಹೀಮರು ಮತ್ತು ಅವರ ಮಗ ಇಸ್ಮಾಯೀಲರು ಮಾಡಿದ ಪ್ರಾರ್ಥನೆ ಅದು. ನಾವು ಮಾಡಿದ ಈ ಕೆಲಸವನ್ನು ಒಪ್ಪಿಸಿಕೋ ಎಂದು ದೇವರನ್ನು ಬೇಡುವುದು. ದೊರೆಯ ಪ್ರಾರ್ಥನೆಯಲ್ಲ, ಕಲ್ಲು ಹೊತ್ತು ಗೋಡೆ ಕಟ್ಟುತ್ತಿದ್ದವರ ಪ್ರಾರ್ಥನೆ. ಇದು ನನ್ನದು ಎಂಬ ಮಾತು ಅದರಲ್ಲಿಲ್ಲ. ಮಾಸ್ತರರು ಏನೂ ಹೇಳದೆ ತಲೆಯಾಡಿಸಿದರು. ಅವರ ಅಭಿಪ್ರಾಯ ಬದಲಾಯಿತು ಎಂದು ಬರೆದರೆ ಅದು ಕಥೆಗಾರರ ಸುಳ್ಳಾಗುತ್ತದೆ. ಆದರೆ ಟಿಕೆಟನ್ನು ಮಡಚಿ ಪಾಕೀಟಿನಲ್ಲಿ ಇಟ್ಟುಕೊಂಡದ್ದನ್ನು ನೋಡಿದೆವು.

ಮಧ್ಯಾಹ್ನ ಊಟದ ಹೊತ್ತಿನಲ್ಲಿ ಗೈಡು ನಮ್ಮ ಪಕ್ಕ ಬಂದು ಕೂತ. ದಖನಿ-ಅಫಾಕಿ ಜಗಳ ಯಾಕೆ ಹೇಳಲಿಲ್ಲ ಎಂದು ಕೇಳಿದೆವು. “ಕ್ಯಾ ಬೋಲೂಂ ಸಾಬ್” ಎಂದು ನಕ್ಕ. ಆಮೇಲೆ ಹೇಳಿದ್ದು ನಗುವ ಮಾತಲ್ಲ. ಗಾಡಿಯಲ್ಲಿ ಯಾರಿದ್ದಾರೆ ಎಂದು ನೋಡಿಕೊಂಡೇ ಅವನು ಬೆಳಿಗ್ಗೆ ಬಾಯಿ ತೆರೆಯುತ್ತಾನಂತೆ. ಕೆಲವು ಗುಂಪುಗಳಿಗೆ ಕ್ರೌರ್ಯದ ಕಥೆ ಬೇಕು. ಅವರಿಗೆ ಹುಮಾಯೂನ್ ಶಾಹನನ್ನು ವಿಸ್ತರಿಸಿ ಹೇಳುತ್ತಾನೆ. ಕೆಲವು ಗುಂಪುಗಳಿಗೆ ಸಾಮರಸ್ಯದ ಕಥೆ ಬೇಕು. ಅವರಿಗೆ ಅಷ್ಟೂರಿನ ಜಾತ್ರೆ ಇದೆ. ನಮ್ಮಂಥವರು ಸಿಕ್ಕರೆ ವೈಭವದ ಕಥೆ. ಒಮ್ಮೆ ಒಂದು ಗುಂಪು ಅವನ ಪೂರ್ತಿ ಹೆಸರು ಕೇಳಿ, ಆಮೇಲೆ ಅವನು ಹೇಳಿದ್ದಕ್ಕೆಲ್ಲ ಅನುಮಾನ ತೋರಿಸಿ, ಪ್ರವಾಸ ಮುಗಿದ ಮೇಲೆ ಗೈಡು ಪಕ್ಷಪಾತಿ ಎಂದು ದೂರು ಬರೆದಿದ್ದರಂತೆ. ಅಂದಿನಿಂದ ಎರಡಕ್ಷರದ ಹೆಸರು. 2022ರ ಅಕ್ಟೋಬರಿನಲ್ಲಿ ದಸರಾ ಮೆರವಣಿಗೆಯ ಗುಂಪೊಂದು ಇದೇ ಮದರಸಾದ ಆವರಣಕ್ಕೆ ನುಗ್ಗಿ ಪೂಜೆ ಮಾಡಿದ್ದು, ಪೊಲೀಸ್ ಪ್ರಕರಣ ದಾಖಲಾದದ್ದು ಪತ್ರಿಕೆಗಳಲ್ಲಿ ಬಂದಿತ್ತು. ಆ ವಾರ ಮನೆಯವರು ಅವನನ್ನು ಕೆಲಸಕ್ಕೇ ಬಿಡಲಿಲ್ಲ ಎಂದ.

ಇಲ್ಲಿ ನಮ್ಮ ವಿಮರ್ಶೆಯ ಮೊನೆ ತಿರುಗಬೇಕಾಯಿತು. ಕಥೆ ಕತ್ತರಿಸಿದವನು ಆ ಹುಡುಗ ಎಂದುಕೊಂಡಿದ್ದೆವು. ಕತ್ತರಿ ಕೇಳುಗರ ಕೈಯಲ್ಲಿದೆ. ದಿನದ ಕೂಲಿಗೆ ದುಡಿಯುವವನು ದುಡ್ಡು ಕೊಟ್ಟವರ ಮುಖ ನೋಡಿ ಮಾತಾಡುತ್ತಾನೆ. ಹುಮಾಯೂನನ ಕ್ರೌರ್ಯದ ಕಥೆಗಳನ್ನು ವಿವರವಾಗಿ ಬರೆದವನು ಫೆರಿಷ್ತಾ. ಹುಮಾಯೂನ್ ಆಳಿದ್ದು 1458ರಿಂದ 1461ರವರೆಗೆ. ಫೆರಿಷ್ತಾ ಬಿಜಾಪುರದಲ್ಲಿ ಕೂತು ಬರೆದದ್ದು ಸುಮಾರು ಒಂದೂವರೆ ಶತಮಾನದ ನಂತರ. ಆ ಹುಮಾಯೂನನ ಕೈಕೆಳಗೆಯೂ ಗವಾನ್ ದೊಡ್ಡ ಹುದ್ದೆಯಲ್ಲಿದ್ದ. ಇಷ್ಟನ್ನು ಸೇರಿಸಿ ಹೇಳಿದರೆ ಕೇಳುಗ ಯೋಚಿಸಬೇಕಾಗುತ್ತದೆ. ರಜೆಯ ದಿನ ಯೋಚಿಸಲು ಎಷ್ಟು ಜನ ದುಡ್ಡು ಕೊಡುತ್ತಾರೆ?

ಹೇಳದೆ ಉಳಿದದ್ದು ಸುಲ್ತಾನರ ಕಾಲದ್ದು ಮಾತ್ರವಲ್ಲ. 1948ರಲ್ಲಿ ಈ ಜಿಲ್ಲೆಯ ಗೋರ್ಟಾ ಗ್ರಾಮದಲ್ಲಿ ರಜಾಕಾರರು ನಡೆಸಿದ ಕೊಲೆಗಳು ಕೆಲವರ ಮನೆಗಳಲ್ಲಿ ಇಂದಿಗೂ ಮಾತಿಗೆ ಬರುತ್ತವೆ. ಅದೇ ವರ್ಷ ಪೊಲೀಸ್ ಕಾರ್ಯಾಚರಣೆಯ ನಂತರ ಮುಸ್ಲಿಮರ ಮೇಲೆ ನಡೆದದ್ದು ಇನ್ನು ಕೆಲವರ ಮನೆಗಳಲ್ಲಿ ಪಿಸುಮಾತಾಗಿ ಉಳಿದಿದೆ. ಸುಂದರಲಾಲ್ ಸಮಿತಿ ಅತಿ ಹೆಚ್ಚು ಹಾನಿಗೊಳಗಾದ ನಾಲ್ಕು ಜಿಲ್ಲೆಗಳನ್ನು ಹೆಸರಿಸುವಾಗ ಬೀದರನ್ನೂ ಕಲಬುರಗಿಯನ್ನೂ ಸೇರಿಸಿತ್ತು. ಎರಡೂ ಮನೆಗಳ ಮೊಮ್ಮಕ್ಕಳು ಒಂದೇ ಗಾಡಿಯಲ್ಲಿ ಕೂತು ಕೋಟೆ ನೋಡಿ ಬರುತ್ತಾರೆ. ಐದು ಶತಮಾನದ ಹಿಂದಿನ ರಕ್ತದ ಬಗ್ಗೆ ಬಾಯಿ ಚಪ್ಪರಿಸುವವರು, ಅಜ್ಜನ ಕಾಲದ ರಕ್ತದ ಬಗ್ಗೆ ಸುಮ್ಮನಿರುತ್ತಾರೆ. ಅದನ್ನು ಗೈಡು ಹೇಳಬೇಕೆಂದು ನಾವು ಕೇಳುವುದಿಲ್ಲ. ಆ ಭಾರ ಅವನ ಹೆಗಲಿನದಲ್ಲ, ನಮ್ಮಂಥ ಬರೆಯುವವರದು.

ಊಟದ ನಂತರ ಬಿದ್ರಿ ಸಾಮಾನಿನ ಒಂದು ಅಂಗಡಿಯಲ್ಲಿ ಇಪ್ಪತ್ತು ನಿಮಿಷ. ಹೂಜಿ, ತಟ್ಟೆ, ಕಿವಿಯೋಲೆಗಳಿಗೆ ಬೆಲೆ ಚೀಟಿ ಅಂಟಿಸಿದ್ದರು. ಸತುವಿಗೆ ಸ್ವಲ್ಪ ತಾಮ್ರ ಬೆರೆಸಿ ಎರಕ ಹೊಯ್ದು, ಉಳಿಯಿಂದ ಚಿತ್ತಾರ ಕೆತ್ತಿ, ಬೆಳ್ಳಿಯ ತಂತಿ ಕೂರಿಸಿ, ಕೊನೆಗೆ ಕೋಟೆಯ ಹಳೆ ಗೋಡೆಗಳ ಬಳಿಯ ಮಣ್ಣಿಗೆ ನವಸಾಗರ ಸೇರಿಸಿ ಕುದಿಸಿದ ನೀರಿನಲ್ಲಿ ಅದ್ದಿದರೆ ಸತು ಕಪ್ಪಾಗುತ್ತದೆ, ಬೆಳ್ಳಿ ಬೆಳ್ಳಗೆ ಉಳಿಯುತ್ತದೆ. 2006ರಲ್ಲಿ ಈ ಕಲೆಗೆ ಭೌಗೋಳಿಕ ಸೂಚಿಕೆಯ ಮಾನ್ಯತೆ ಸಿಕ್ಕಿತು. 2023ರಲ್ಲಿ ಬೀದರಿನ ಶಾಹ್ ರಶೀದ್ ಅಹಮದ್ ಖಾದ್ರಿ ಅವರಿಗೆ ಪದ್ಮಶ್ರೀ ಬಂತು. ಈ ವಿವರಗಳಲ್ಲಿ ಕೆಲವನ್ನು ಅಂಗಡಿಯವರು ಹೇಳಿದರು. ಆದರೆ ಕೆಲಸ ಮಾಡುವ ಕೋಣೆ ಎಲ್ಲಿದೆ ಎಂದರೆ, “ಅಲ್ಲಿ ಹೊಗೆ ಬಹಳ, ನೀವು ಕೂಡಲಿಕ್ಕೆ ಆಗೂದಿಲ್ರಿ” ಎಂದರು. ದಿನವಿಡೀ ಕೂಡುವವರಿದ್ದಾರಲ್ಲ ಎಂದು ನಮ್ಮ ಮನೆಯವರು ಮೆಲ್ಲಗೆ ಅಂದದ್ದು ಅವರಿಗೆ ಕೇಳಿಸಲಿಲ್ಲ. ರಾಜರ ಮಹಲಿಗೆ ಎರಡೂವರೆ ಗಂಟೆ, ಜೀವಂತ ಕೈಗಳಿಗೆ ಇಪ್ಪತ್ತು ನಿಮಿಷ, ಅದೂ ಕೈಗಳನ್ನು ನೋಡದೆ.

ಗುರುನಾನಕ್ ಝೀರಾದಲ್ಲಿ ತಣ್ಣನೆಯ ನೀರು ಕುಡಿದು, ಬಿಸಿಲು ಇಳಿಯುವ ಹೊತ್ತಿಗೆ ಅಷ್ಟೂರಿಗೆ ಬಂದೆವು. ಹೊಲಗಳ ನಡುವೆ ಸಾಲಾಗಿ ನಿಂತ ಬಹಮನಿ ಗುಮ್ಮಟಗಳು. ಅವುಗಳಲ್ಲಿ ಹುಮಾಯೂನನದು ಅರ್ಧ ಒಡೆದು, ಒಳಗಿನ ಇಟ್ಟಿಗೆಯ ಪದರಗಳನ್ನು ತೋರಿಸುತ್ತ ನಿಂತಿದೆ. ಗುಮ್ಮಟವನ್ನು ಹೇಗೆ ಕಟ್ಟುತ್ತಿದ್ದರು ಎಂದು ತಿಳಿಯಲು ಅದಕ್ಕಿಂತ ಒಳ್ಳೆಯ ಪಾಠವಿಲ್ಲ. ಬ್ಯಾಂಕಿನ ಗೆಳೆಯರು ಅದರ ಮುಂದೆ ಫೋಟೊ ತೆಗೆಸಿಕೊಂಡರು. ಅಹಮದ್ ಶಾಹ ವಲಿಯ ಗೋರಿಯ ಒಳಗೆ ಕೆಂಪು, ಬಂಗಾರ, ನೀಲಿ ಬಣ್ಣಗಳ ಬರಹ ಮತ್ತು ಬಳ್ಳಿಗಳು. ಮಸುಕಾಗಿದ್ದರೂ ಕಣ್ಣು ತುಂಬುತ್ತವೆ.

ಇಲ್ಲಿ ಗೈಡು ತನ್ನ ಕೊನೆಯ ಕಥೆ ಹೇಳಿದ. ಈ ಸುಲ್ತಾನನ ಉರುಸು ಹಿಜರಿ ತಿಂಗಳ ಲೆಕ್ಕದಲ್ಲಿ ನಡೆಯುವುದಿಲ್ಲ. ಹೋಳಿ ಮುಗಿದ ಮೇಲಿನ ದಿನಗಳನ್ನು ಎಣಿಸಿ ನಡೆಯುತ್ತದೆ. ಕಲಬುರಗಿ ಜಿಲ್ಲೆಯ ಮಡಿಯಾಳದಿಂದ ಲಿಂಗಾಯತ ಜಂಗಮರು ತಮ್ಮ ಪರಿವಾರದೊಂದಿಗೆ ಬರುತ್ತಾರೆ. ಮುಸ್ಲಿಮರಿಗೆ ವಲಿಯಾದವನು ಅವರಿಗೆ ಅಲ್ಲಮಪ್ರಭು. ಎಲ್ಲರೂ ಚಪ್ಪಾಳೆ ತಟ್ಟಿದರು. ಮಾಸ್ತರರೂ ತಟ್ಟಿದರು, ನಾವೂ ತಟ್ಟಿದೆವು.

ಈ ಜಾತ್ರೆ ನಮಗೂ ಹೆಮ್ಮೆಯದೇ. ಆದರೆ ಐದು ನಿಮಿಷದ ಸೌಹಾರ್ದ ಊಟದ ಕೊನೆಗೆ ಕೊಡುವ ಸಿಹಿಯಂತೆ. ಅದನ್ನು ತಿಂದು ಕೈ ತೊಳೆದುಕೊಂಡರೆ ಕಂದಕದ ದಂಡೆಯ ಪ್ರಶ್ನೆ ಮರೆತುಹೋಗುತ್ತದೆ, ಉತ್ತರ ಮಾತ್ರ ಸಿಕ್ಕಿರುವುದಿಲ್ಲ. ಅಹಮದ್ ಶಾಹನಿಗೆ ‘ವಲಿ’ ಎಂಬ ಹೆಸರು ಬಂದದ್ದು ಯಾಕೆ ಎಂದು ನೋಡಿದರೆ ಉತ್ತರದ ದಾರಿ ಕಾಣುತ್ತದೆ. ಬರಗಾಲದಲ್ಲಿ ಜನ ಕಂಗೆಟ್ಟಿದ್ದಾಗ ಅವನು ಬಯಲಿನಲ್ಲಿ ಮಳೆಗಾಗಿ ಪ್ರಾರ್ಥಿಸಿದ, ಮಳೆ ಬಂತು, ಜನ ವಲಿ ಎಂದರು ಎಂಬ ಕಥೆ ಇದೆ. ಈ ನಾಡಿನಲ್ಲಿ ಜನ ಯಾರನ್ನು ತಮ್ಮವರೆಂದು ಒಪ್ಪಿಕೊಂಡರು? ನೀರು ತಂದವರನ್ನು.

ಹಿಂದಿರುಗುವಾಗ ನೌಬಾದಿನಲ್ಲಿ ಹತ್ತು ನಿಮಿಷ ನಿಲ್ಲಿಸಲು ಕೇಳಿಕೊಂಡೆವು. ಅದು ಪಟ್ಟಿಯಲ್ಲಿ ಇರಲಿಲ್ಲ. ಡ್ರೈವರ್ ಗೊಣಗಿದ. ಅಲ್ಲಿ ನೆಲದ ಕೆಳಗೆ ಕರೇಜ್ ಇದೆ. ಇರಾನಿನಿಂದ ಬಂದ ವಿದ್ಯೆ. ನೆಲದೊಳಗೆ ಸಣ್ಣ ಇಳಿಜಾರಿನಲ್ಲಿ ಸುರಂಗ ಕೊರೆದು, ಅಲ್ಲಲ್ಲಿ ಬೆಳಕು ಗಾಳಿಗೆ ನೇರ ಬಾವಿಗಳನ್ನು ಇಳಿಸಿ, ಯಂತ್ರವಿಲ್ಲದೆ, ಎತ್ತುಗಳಿಲ್ಲದೆ ನೀರನ್ನು ತಾನಾಗಿ ಹರಿಯುವಂತೆ ಮಾಡುವುದು. ನೌಬಾದಿನ ಸಾಲಿನಲ್ಲಿ ಅಂಥ ಬಾವಿಗಳು ಇಪ್ಪತ್ತಕ್ಕೂ ಹೆಚ್ಚು. ಶುಕ್ಲತೀರ್ಥ, ಜಮನಾ ಮೋರಿ ಎಂದು ಇನ್ನೂ ಎರಡು ಸಾಲುಗಳಿವೆ. ಹೂಳು ತುಂಬಿ ಮರೆತುಹೋಗಿದ್ದ ಇವುಗಳ ಶುದ್ಧೀಕರಣ ಕಳೆದ ದಶಕದಲ್ಲಿ ಶುರುವಾಯಿತು. 2014ರಲ್ಲಿ ವಿಶ್ವ ಸ್ಮಾರಕ ನಿಧಿ ಬೀದರನ್ನು ತನ್ನ ಕಾಳಜಿಯ ಪಟ್ಟಿಗೆ ಸೇರಿಸಿತ್ತು.

ಬೆಳಿಗ್ಗೆ ಕಂಡ ನೆಲದ ಬಣ್ಣದ ಗುಟ್ಟು ಇಲ್ಲಿ ಬಿಚ್ಚಿಕೊಂಡಿತು. ಮೇಲಿನ ಕೆಂಪು ಜಂಬಿಟ್ಟಿಗೆ ಮಳೆಯನ್ನು ಹೀರಿಕೊಳ್ಳುತ್ತದೆ. ಕೆಳಗಿನ ಕಪ್ಪುಕಲ್ಲು ಅದನ್ನು ಇಳಿಯಲು ಬಿಡುವುದಿಲ್ಲ. ಎರಡರ ನಡುವೆ ಸಿಕ್ಕಿದ ನೀರು ಗುಡ್ಡದ ಅಂಚುಗಳಲ್ಲಿ ಒರತೆಯಾಗಿ ಒಸರುತ್ತದೆ. ಗುರುನಾನಕರ ಝೀರಾದ ನೀರು, ಎದೆಯುದ್ದ ನೀರಿನಲ್ಲಿ ನಡೆದು ಹೋಗಬೇಕಾದ ಝರಣಿ ನರಸಿಂಹನ ಗುಹೆಯ ನೀರು, ಸುಲ್ತಾನರ ಕರೇಜಿನ ನೀರು, ಎಲ್ಲ ಇದೇ ಕೆಂಪು ಗುಡ್ಡ ಹಿಡಿದಿಟ್ಟ ಮಳೆ. ನಮ್ಮ ಪ್ರವಾಸದ ಪಟ್ಟಿಯಲ್ಲಿ ಅವು ‘ಸಿಖ್ಖರದು’, ‘ಹಿಂದೂಗಳದು’, ‘ಮುಸ್ಲಿಮರದು’ ಎಂದು ಬೇರೆ ಬೇರೆ ಸಾಲುಗಳಲ್ಲಿದ್ದವು. ಸುರಂಗದ ಲೆಕ್ಕ ಗೊತ್ತಿದ್ದವರು ಹೊರಗಿನಿಂದ ಬಂದಿರಬಹುದು. ಆ ಕಲ್ಲನ್ನು ಕಡಿಯಲು ಊರಿನ ಕೈಗಳಿಲ್ಲದೆ ಆಗುತ್ತಿತ್ತೆ? ಕುಡಿದವರೆಲ್ಲ ಇಲ್ಲಿಯವರು. ಇದರಲ್ಲಿ ‘ಹೊರಗಿನದು’ ಯಾವುದು ಎಂದು ಬೇರ್ಪಡಿಸಿ ತೋರಿಸಲು ಯಾರಿಗೆ ಸಾಧ್ಯ?

ಇಷ್ಟೆಲ್ಲ ಹೇಳಿದ ಮೇಲೆ ಇಂಥ ಪ್ರವಾಸಗಳೇ ಬೇಡ ಎಂಬುದು ನಮ್ಮ ಮಾತಲ್ಲ. ಇನ್ನೂ ಹೆಚ್ಚು ಬೇಕು. ಒಂಬತ್ತು ಅಪರಿಚಿತರು ಒಂದು ದಿನ ಒಂದೇ ಗಾಡಿಯಲ್ಲಿ ಕೂರುವುದು ಈ ಕಾಲದಲ್ಲಿ ಸಣ್ಣ ಸಂಗತಿಯಲ್ಲ. ನಾವು ಕೇಳುವುದು ಎರಡೇ. ಒಂದು, ಪ್ರತಿ ಜಾಗದಲ್ಲೂ ‘ಇದು ಯಾರದು’ ಎಂಬ ಪ್ರಶ್ನೆಗೆ ಉತ್ತರ ಕೊಡುವುದನ್ನು ಬಿಟ್ಟು, ‘ಇದನ್ನು ಮಾಡಿದವರು ಯಾರು, ಈಗ ಕಾಯುತ್ತಿರುವವರು ಯಾರು’ ಎಂದು ಹೇಳಲಿ. ಕಂದಕ ಕಡಿದವರಿಂದ ಹಿಡಿದು ಹೊಗೆಯ ಕೋಣೆಯಲ್ಲಿ ಬೆಳ್ಳಿ ಕೂರಿಸುವವರವರೆಗೆ, ರಂಗೀನ್ ಮಹಲಿನ ಬೀಗ ತೆಗೆದ ಕಾವಲುಗಾರರವರೆಗೆ. ಎರಡು, ಗೈಡುಗಳಿಗೆ ತಮ್ಮ ಪೂರ್ತಿ ಹೆಸರು ಹೇಳಿ, ತಿಳಿದದ್ದನ್ನು ಪೂರ್ತಿ ಹೇಳುವ ಧೈರ್ಯ ಬರುವಂತೆ ಕೇಳುಗರು ನಡೆದುಕೊಳ್ಳಲಿ. ಎರಡನೆಯದು ಯಾವ ಇಲಾಖೆಯ ಕೈಯಲ್ಲೂ ಇಲ್ಲ, ಗಾಡಿಯಲ್ಲಿ ಕೂತವರ ಕೈಯಲ್ಲಿದೆ.

ಹೋದ ತಿಂಗಳು ಆ ಹುಡುಗ ಫೋನು ಮಾಡಿದ್ದ. ಅಬ್ಜದ್ ಲೆಕ್ಕ ಬರೆದು ಕಳಿಸಿ ಎಂದು ಕೇಳಿ ತರಿಸಿಕೊಂಡಿದ್ದ. ಈಗ ಮದರಸಾದ ಮುಂದೆ ನಿಂತು ಪ್ರತಿ ಗುಂಪಿನಲ್ಲಿ ಒಬ್ಬರ ಕೈಗೆ ಪೆನ್ನು ಕೊಟ್ಟು 253, 532, 91 ಕೂಡಿಸಲು ಹೇಳುತ್ತಾನಂತೆ. 876 ಬಂದ ಕೂಡಲೇ ಎಲ್ಲರೂ ಚಪ್ಪಾಳೆ ತಟ್ಟುತ್ತಾರಂತೆ. “ಬಹೂತ್ ಚಲ್‌ರಾ ಸಾಬ್” ಎಂದ, ಖುಷಿಯಿಂದ.

ಆ ಮೂರು ಪದಗಳ ಅರ್ಥವನ್ನೂ ಹೇಳುತ್ತೀಯಾ ಎಂದು ಕೇಳಿದೆವು.

ಆ ಕಡೆ ಸ್ವಲ್ಪ ಹೊತ್ತು ಮಾತಿರಲಿಲ್ಲ. ಆಮೇಲೆ, “ಗಾಡಿಯಾಗ ಯಾರು ಅದಾರ ನೋಡಿ ಹೇಳ್ತಿನ್ರಿ” ಎಂದ.